ಗುಲಾಬಿ ಚೆಂಡು ಮಿಸುಕಿದ ದಿನ

ಶಹಾಬಾದದಲ್ಲಿ ಎರಡು ಮೇಜು ಹಾಕಿಕೊಂಡು ನಾನು ಸ್ನೂಕರ್ ಕಲಿಸುತ್ತೇನೆ. ಅಲ್ಲಿಗೆ ಬರುವ ಹುಡುಗ ಹುಡುಗಿಯರು ಮೊದಲ ವಾರ ಮುಗಿಯುವುದರೊಳಗೆ ಒಂದು ಪ್ರಶ್ನೆ ಕೇಳಿಯೇ ಕೇಳುತ್ತಾರೆ. "ಸರ್, ಇದರಾಗ ಲೈಫ್ ಆಗ್ತದೇನ್ರಿ?"

"ನಂದು ಆಗ್ಯಾದಲ್ಲ" ಎಂದು ನಾನು ಹೇಳುತ್ತೇನೆ. ಹೇಗೆ ಆಯಿತು ಎಂದು ಕೇಳುವವರು ಕಡಿಮೆ. ಕೇಳದಿದ್ದರೂ ಹೇಳಬೇಕೆನಿಸಿ ಇದನ್ನು ಬರೆಯುತ್ತಿದ್ದೇನೆ. ಗೆದ್ದ ಟ್ರೋಫಿಗಳ ಪಟ್ಟಿ ಇದರಲ್ಲಿಲ್ಲ. ಅದು ಬೇಕಾದವರು ನನ್ನ ಹೆಂಡತಿ ಕಮಲಾಬಾಯಿಯನ್ನು ಕೇಳಬಹುದು; ಅವುಗಳ ಮೇಲಿನ ಧೂಳು ಒರೆಸುವವಳು ಅವಳೇ.

ನಮ್ಮಪ್ಪ ಕಲ್ಲಿನ ಪಾಲಿಶ್ ಕೆಲಸದವನು. ಮೈ ತುಂಬ ಕಲ್ಲಿನ ಹಿಟ್ಟು ಬಳಿದುಕೊಂಡು ಮನೆಗೆ ಬರುತ್ತಿದ್ದ. ನನಗೂ ಅದೇ ಕೆಲಸವೆಂದು ಎಲ್ಲರೂ ತಿಳಿದಿದ್ದರು. ಆದರೆ ನನಗೆ ಇಪ್ಪತ್ತು ತುಂಬಿದ ವರ್ಷ ಸಿಮೆಂಟ್ ಕಾರ್ಖಾನೆಯ ಆಫೀಸರ್ಸ್ ಕ್ಲಬ್ಬಿನಲ್ಲಿ ಮಾರ್ಕರ್ ಇಮಾಮ್ ಸಾಬರ ಕೈಕೆಳಗೆ ಒಬ್ಬ ಬೇಕಾಗಿದ್ದ. ಮಾರ್ಕರ್ ಎಂದರೆ ಮೇಜು ನೋಡಿಕೊಳ್ಳುವವ. ಹಸಿರು ಬಟ್ಟೆಗೆ ಬ್ರಷ್ ಹೊಡೆಯಬೇಕು, ಇಸ್ತ್ರಿ ಮಾಡಬೇಕು, ಚೆಂಡು ಒರೆಸಬೇಕು, ಸಾಹೇಬರು ಆಡುವಾಗ ಪಕ್ಕದಲ್ಲಿ ನಿಂತು ಅಂಕ ಕೂಗಬೇಕು. ಆಡುವುದು ಮಾತ್ರ ಅವನ ಕೆಲಸದಲ್ಲಿ ಇಲ್ಲ.

ನಮ್ಮೂರ ಗಾಳಿಯಲ್ಲಿ ಸಿಮೆಂಟೂ ಕಲ್ಲಿನ ಪುಡಿಯೂ ಸೇರಿಯೇ ಬೀಸುತ್ತವೆ. ಬೆಳಿಗ್ಗೆ ಒರೆಸಿದ ಮೇಜು ಮಧ್ಯಾಹ್ನಕ್ಕೆ ಬೂದಿ ಬಣ್ಣ. ಒಂದು ಕಾಳು ಪುಡಿ ಬಟ್ಟೆಯ ಮೇಲೆ ಕೂತರೆ ಚೆಂಡು ಅಲ್ಲಿಂದ ದಾರಿ ಬಿಡುತ್ತದೆ. ಹೀಗಾಗಿ ಮೊದಲ ಎಂಟು ತಿಂಗಳು ನಾನು ಬ್ರಷ್ಷನ್ನು ಬಿಟ್ಟು ಬೇರೇನನ್ನೂ ಕೈಯಲ್ಲಿ ಹಿಡಿದವನಲ್ಲ. ಆಮೇಲೆ ಕ್ಲಬ್ ತೆರೆಯುವ ಮುಂಚಿನ ಒಂದು ತಾಸು ಇಮಾಮ್ ಸಾಬರು ನನ್ನ ಕೈಗೆ ಕ್ಯೂ, ಅಂದರೆ ಆಡುವ ಕೋಲು, ಕೊಟ್ಟರು. ಒಂದು ಬಿಳಿ ಚೆಂಡು ಇಟ್ಟರು. ಕ್ಯೂ ತಾಗಿಸುವುದು ಬಿಳಿಗೆ ಮಾತ್ರ; ಬಣ್ಣದ ಚೆಂಡುಗಳನ್ನು ಅದರಿಂದಲೇ ತಳ್ಳಿ ತೂತಿಗೆ ಹಾಕುವುದು ಆಟ. ಅದನ್ನು ನೇರ ಹೊಡೆಯಬೇಕು. ಅದು ಎದುರಿನ ಅಂಚಿಗೆ ತಾಗಿ, ಹೋದ ದಾರಿಯಲ್ಲೇ ಮರಳಿ ಬಂದು ನನ್ನ ಕ್ಯೂನ ತುದಿಗೇ ಮುಟ್ಟಬೇಕು. ಅಷ್ಟೇ ಪಾಠ.

"ಹೊಡ್ಯೋದು ಎಲ್ಲಾರಿಗೂ ಬರ್ತದ ಬೇಟಾ" ಎನ್ನುತ್ತಿದ್ದರು. "ಹೊಡದ ಚೆಂಡು ಎಲ್ಲಿ ಬಂದು ನಿಂದ್ರತದ, ಅದನ್ನ ಕಲಿ."

ಒಮ್ಮೆ ಅಪ್ಪ ನನ್ನನ್ನು ನೋಡಲು ಕ್ಲಬ್ಬಿಗೆ ಬಂದ. ಮೇಜಿನ ಬಟ್ಟೆಯ ಕೆಳಗೆ ಇರುವುದು ಹಲಗೆಯಲ್ಲ, ಕಲ್ಲು ಎಂದು ಹೇಳಿದೆ. ನಂಬಲಿಲ್ಲ. ಮೊಳಕಾಲೂರಿ ಮೇಜಿನ ಕೆಳಗೆ ನುಗ್ಗಿ, ಮಲಗಿ, ಅಂಗೈಯನ್ನು ಕಲ್ಲಿನ ಮೇಲೆ ಬಹಳ ಹೊತ್ತು ಆಡಿಸಿದ. ಹೊರಗೆ ಬಂದು ಧೋತರ ಝಾಡಿಸಿಕೊಳ್ಳುತ್ತ, "ನಮ್ಮ ಕಲ್ಲಲ್ಲ ಇದು. ಆದ್ರ ಭಾಳ ಛಲೋ ಕೈ ಆಡ್ಯಾದ ಇದರ ಮ್ಯಾಲ" ಎಂದ. ನನ್ನ ಕೆಲಸದ ಬಗ್ಗೆ ಅಪ್ಪ ಆಡಿದ ಒಳ್ಳೆಯ ಮಾತು ಅದೊಂದೇ.

ಕಾರ್ಖಾನೆಯ ಮುಖ್ಯಸ್ಥರನ್ನು ನಾವೆಲ್ಲ ದೊಡ್ಡ ಸಾಹೇಬರು ಎನ್ನುತ್ತಿದ್ದೆವು. ಸೋಲಾಪುರದ ಕಡೆಯವರು. ಒಂದು ಸಂಜೆ ಹೊರಗಿನಿಂದ ಬಂದ ಅತಿಥಿಗಳ ಮುಂದೆ ಆಡುತ್ತಿದ್ದರು. ಇಮಾಮ್ ಸಾಬರು ಚಹಾ ತರಿಸಲು ಹೋಗಿದ್ದರಿಂದ ಅಂಕ ಕೂಗುವ ಕೆಲಸ ನನ್ನದಾಗಿತ್ತು. ಸಾಹೇಬರ ಕ್ಯೂ ಬಿಳಿ ಚೆಂಡಿಗೆ ಎರಡು ಸಲ ತಾಗಿತು. ಅದು ತಪ್ಪು; ಎದುರಾಳಿಗೆ ನಾಲ್ಕು ಅಂಕ ಸಿಗಬೇಕು. ಬರಿಗಣ್ಣಿಗೆ ಕಾಣುವುದೇ ಕಷ್ಟ, ಸಪ್ಪಳದಿಂದ ತಿಳಿಯುತ್ತದೆ. ನನ್ನ ಬಾಯಿ ನನ್ನ ಬುದ್ಧಿಗಿಂತ ಮುಂಚೆ ತೆರೆಯಿತು.

"ಫೌಲ್. ನಾಲ್ಕು" ಎಂದೆ.

ಸಾಹೇಬರು ನನ್ನ ಕಡೆ ತಿರುಗಿದರು. "ಏನಂದಿ?"

"ಫೌಲ್ ಆತ್ರಿ ಸಾಹೇಬ್ರ. ಎರಡ ಸಲ ತಾಗ್ತು."

"ನೀ ನೋಡಿಯೇನು?"

"ಕೇಳ್ಸಿತ್ರಿ."

ಅವರು ಹೋಗಿ ಕುರ್ಚಿಯಲ್ಲಿ ಕೂತರು. ಮರುದಿನ ಆಫೀಸಿಗೆ ಕರೆಸಿದರು. ಕೆಲಸ ಹೋಯಿತೆಂದು ಅವ್ವನಿಗೆ ಹೇಳಿಯೇ ಮನೆ ಬಿಟ್ಟಿದ್ದೆ. ಸಾಹೇಬರು ತಲೆ ಎತ್ತದೆ ಕಾಗದಕ್ಕೆ ಸಹಿ ಮಾಡುತ್ತಲೇ ಹೇಳಿದರು: "ಈ ಕಾರ್ಖಾನ್ಯಾಗ ನಾ ಏನ್ ಹೊಡದ್ರೂ ಎಲ್ಲಾರೂ ಶಾಬಾಸ್ ಅಂತಾರ. ಇವತ್ತಿನಿಂದ ಸಂಜಿ ಐದರ ಮ್ಯಾಗ ನೀ ನನ್ನ ಸಂಗಾಟ ಆಡು. ಬೇಕಂತ ಸೋತಿ ಅಂದ್ರ ಆವತ್ತ ಕೆಲಸದಿಂದ ತೆಗೀತೀನಿ."

ನಾನು ಆಟಗಾರನಾದದ್ದು ಹೀಗೆ. ಒಂದು ವರ್ಷದೊಳಗೆ ಅವರು ನನ್ನನ್ನು ಸೋಲಿಸುವುದು ನಿಂತೇ ಹೋಯಿತು. ಹುಬ್ಬಳ್ಳಿಯ ಒಂದು ಪಂದ್ಯಾವಳಿಗೆ ಅವರೇ ನನ್ನ ಹೆಸರು ಬರೆಸಿ ಕಳಿಸಿದರು.

ಹುಬ್ಬಳ್ಳಿಯಲ್ಲಿ ಹೆಸರು ನೋಂದಾಯಿಸುವ ಮೇಜಿನ ಹಿಂದೆ ಕೂತಿದ್ದವರು ಉದ್ಯೋಗ ಕೇಳಿದರು. ಮಾರ್ಕರ್ ಎಂದೆ. ಅವರು ಪೆನ್ನು ಕೆಳಗಿಟ್ಟರು. ಮಾರ್ಕರ್‌ಗಳು ಆಟದಿಂದ ಹೊಟ್ಟೆ ಹೊರೆಯುವವರು, ಆದ್ದರಿಂದ ವೃತ್ತಿಯವರು. ಇದು ಹವ್ಯಾಸಿಗಳ ಪಂದ್ಯ. ನಿಮಗೆ ಪ್ರವೇಶವಿಲ್ಲ ಎಂದರು. ಮಾತು ಒರಟಾಗಿರಲಿಲ್ಲ. ಆ ಕಾಲದ ನಿಯಮವೇ ಹಾಗಿತ್ತು. ಮನೆಯಲ್ಲೇ ಮೇಜು ಇಟ್ಟುಕೊಂಡು ದಿನವಿಡೀ ಆಡುವ ಸಿರಿವಂತ ಹವ್ಯಾಸಿ. ಪರರು ಆಡುವುದನ್ನು ನಿಂತು ನೋಡುವ ನಾನು ವೃತ್ತಿಪರ! ಬ್ಯಾಗು ಹೆಗಲಿಗೇರಿಸಿ ಹೊರಡುವಷ್ಟರಲ್ಲಿ ಅವರೇ ಹಿಂದಿನಿಂದ ಕೂಗಿದರು. ಅವರ ಮಾರ್ಕರ್‌ಗೆ ಜ್ವರವಂತೆ. ನಾಲ್ಕು ದಿನ ಅಂಕ ಕೂಗಲು ಆಗುತ್ತದೆಯೇ?

ಕೂಗಿದೆ. ಅವಮಾನವಾಗಲಿಲ್ಲ ಎಂದರೆ ಸುಳ್ಳು. ಆದರೆ ಆ ನಾಲ್ಕು ದಿನ ರಾಜ್ಯದ ಒಳ್ಳೆಯ ಆಟಗಾರರೆಲ್ಲರ ಕಾಲು, ಮೊಣಕೈ, ಕಣ್ಣುಗಳನ್ನು ಮೂರು ಅಡಿ ದೂರದಿಂದ ನೋಡಿದೆ. ಹಣ ಕೊಟ್ಟು ಕುರ್ಚಿಯಲ್ಲಿ ಕೂತವರಿಗೂ ಅಷ್ಟು ಕಾಣುವುದಿಲ್ಲ.

ದೊಡ್ಡ ಸಾಹೇಬರು ಇದನ್ನು ಕೇಳಿ ಸಿಟ್ಟಾದರು. ಒಂದು ತಿಂಗಳಲ್ಲಿ ನನ್ನನ್ನು ವಾಡಿಯ ಘಟಕದಲ್ಲಿ ಹಾಜರಿ ಬರೆಯುವ ಗುಮಾಸ್ತನನ್ನಾಗಿ ಮಾಡಿದರು. ಗುಮಾಸ್ತ ಆಡಬಹುದಿತ್ತು. ಇಮಾಮ್ ಸಾಬರಿಗೆ ಆ ಬಾಗಿಲು ಎಂದೂ ತೆರೆಯಲಿಲ್ಲ. ನನಗಿಂತ ಎಷ್ಟೋ ದೊಡ್ಡ ಕೈ ಅವರದು. ಒಂದು ಪಂದ್ಯಾವಳಿಯನ್ನೂ ಆಡಲಿಲ್ಲ. ಹೋಗಿ ಕಾಲಿಗೆ ಬಿದ್ದಾಗ ನನ್ನ ಭುಜ ಹಿಡಿದೆತ್ತಿ ಹೇಳಿದರು: "ಜಿಂದಗಿಭರ್ ಮಂದಿ ಅಂಕ ಒದರೀನಿ ನಾ. ನಿನ್ನ ಅಂಕ ಯಾರರೆ ಒದರಲಿ, ಹೋಗು."

ಆಮೇಲಿನ ವರ್ಷಗಳು ರೈಲಿನಲ್ಲೇ ಕಳೆದವು. ವಾಡಿ ಜಂಕ್ಷನ್‌ನ ಪ್ಲಾಟ್‌ಫಾರಂನಲ್ಲಿ ಕೂತು ಎಷ್ಟು ರೈಲು ಕಾದಿದ್ದೇನೋ. ಎರಡು ತುಂಡು ಮಾಡಿ ಜೋಡಿಸುವ ಕ್ಯೂ ಹೊಸದಾಗಿ ಬಂದಿತ್ತು. ಅದಕ್ಕೊಂದು ಉದ್ದನೆಯ ಕರಿಯ ಪೆಟ್ಟಿಗೆ. ಒಮ್ಮೆ ಪೊಲೀಸಪ್ಪ ಬಂದು ಪೆಟ್ಟಿಗೆಗೆ ಲಾಠಿ ತಾಗಿಸಿ, "ಬಂದೂಕಿಗಿ ಲೈಸೆನ್ಸ್ ಅದ ಏನು?" ಎಂದ. ತೆಗೆದು ತೋರಿಸಿದೆ. ಕೋಲು ನೋಡಿ ಅವನಿಗೆ ಇನ್ನಷ್ಟು ಅನುಮಾನ. ಇದರಿಂದ ಏನು ಮಾಡುತ್ತಿ ಎಂದ. ಚೆಂಡು ತೂತಿಗೆ ಹಾಕುತ್ತೇನೆ ಎಂದೆ. "ಅಷ್ಟ? ಅಷ್ಟಕ್ಕ ಹೈದ್ರಾಬಾದಿಗಿ ಹೊಂಟಿ?" ಎಂದು ಕೇಳಿದ ಅವನ ಮುಖ ಇನ್ನೂ ನೆನಪಿದೆ. ಆ ಪ್ರಶ್ನೆಯನ್ನು ನಾನೂ ಆಗಾಗ ಕೇಳಿಕೊಂಡಿದ್ದೇನೆ.

ಹೈದರಾಬಾದಿಗೆ ಹೊರಟದ್ದು ಒಬ್ಬ ವೇಲ್ಸ್ ದೇಶದ ವೃತ್ತಿ ಆಟಗಾರನನ್ನು ನೋಡಲು. ಅಲ್ಲಿನ ಕ್ಲಬ್ಬೊಂದು ಪ್ರದರ್ಶನ ಪಂದ್ಯಕ್ಕೆ ಅವನನ್ನು ಕರೆಸಿತ್ತು. ಚೀಟಿ ಎತ್ತಿ ಆರು ಜನರಿಗೆ ಅವನೊಡನೆ ಒಂದೊಂದು ಆಟ ಆಡುವ ಅವಕಾಶ. ನನ್ನ ಹೆಸರೂ ಬಂತು. ನಾನು ಏಳು ಅಂಕ ಗಳಿಸುವಷ್ಟರಲ್ಲಿ ಆಟ ಮುಗಿದಿತ್ತು. ನಾವು ಕೆಂಪು ಚೆಂಡುಗಳ ಗುಂಪನ್ನು ಮೆಲ್ಲಗೆ ಅಂಚಿನಿಂದ ಒಂದೊಂದೇ ಬಿಡಿಸುತ್ತಿದ್ದೆವು. ಅವನು ನೀಲಿ ಚೆಂಡನ್ನು ತೂತಿಗೆ ಹಾಕುತ್ತಲೇ ಬಿಳಿ ಚೆಂಡನ್ನು ಗುಂಪಿನೊಳಗೆ ನುಗ್ಗಿಸಿ ಎಲ್ಲವನ್ನೂ ಚದುರಿಸಿದ. ಆಟದ ರೀತಿಯೇ ಬದಲಾಗುತ್ತಿದೆ ಎಂದು ನನಗೆ ತಿಳಿದದ್ದು ಆ ಒಂದು ಹೊಡೆತದಲ್ಲಿ.

ಆಟ ಮುಗಿದ ಮೇಲೆ ಚಹಾಕ್ಕೆ ಕೂತಾಗ, ಇಂಗ್ಲಿಷ್ ಬಲ್ಲ ಗೆಳೆಯನೊಬ್ಬನನ್ನು ನಡುವೆ ಕೂರಿಸಿಕೊಂಡು ಅವನನ್ನು ಮಾತಾಡಿಸಿದೆ. ಅವನ ಅಪ್ಪ ಕಲ್ಲಿದ್ದಲು ಗಣಿಯಲ್ಲಿದ್ದನಂತೆ. ನನ್ನಪ್ಪ ಕಲ್ಲಿನ ಕೆಲಸದವನೆಂದಾಗ ನನ್ನ ಅಂಗೈ ತಿರುಗಿಸಿ ನೋಡಿದ. ಹಳೆಯ ಮೇಜುಗಳ ಕಲ್ಲು ಅವನ ನಾಡಿನ ಗುಡ್ಡಗಳಿಂದಲೂ ಬರುತ್ತಿತ್ತು ಎಂದ. ನಿಮ್ಮ ಜೀವನ ಹೇಗೆ ಎಂದು ಕೇಳಿದೆ. ನಕ್ಕ. ಬೆನ್ನು ನೋವು, ಹೋಟೆಲು, ಮನೆಯಿಂದ ದೂರ. ಹೋದ ಕಡೆಯಲ್ಲೆಲ್ಲ ಮೊದಲ ಸುತ್ತಿನಲ್ಲೇ ಸೋತು ವರ್ಷವಾಗುತ್ತಾ ಬಂತಂತೆ. "ನಮ್ಮ ಕೆಲಸದಲ್ಲಿ ಸೋಲೇ ಹೆಚ್ಚು. ಸೋತು ಮನೆಗೆ ಹೋಗಿ ಊಟ ಮಾಡಲು ಬರಬೇಕು. ಅದು ಬಾರದವರು ಈ ಕೆಲಸಕ್ಕೆ ಬರಬಾರದು" ಎಂದ. ಟಿವಿಯಲ್ಲಿ ಕಾಣುವ ಮನುಷ್ಯ ಹೀಗೆ ಹೇಳಿದ್ದು ನನಗೆ ಆಗ ಹಿಡಿಸಲಿಲ್ಲ. ಈಗ ನನ್ನ ಕೋಣೆಗೆ ಬರುವ ಪ್ರತಿಯೊಬ್ಬರಿಗೂ ಅದನ್ನೇ ಹೇಳುತ್ತೇನೆ.

ಇನ್ನು ವೀರಣ್ಣನ ವಿಷಯಕ್ಕೆ ಬರುತ್ತೇನೆ. ಇಷ್ಟು ಹೊತ್ತು ಬರೆದದ್ದು ಅಲ್ಲಿಗೆ ಹೋಗಲು ಹಿಂಜರಿದೇ.

ವೀರಣ್ಣ ಸೇಡಂನವ. ಮನೆಯವರದು ತೊಗರಿ ಬೇಳೆ ಮಿಲ್ಲು. ನನಗಿಂತ ನಾಲ್ಕು ವರ್ಷ ಚಿಕ್ಕವ, ಎತ್ತರದ ಆಳು, ಎಡಗೈ ಆಟಗಾರ. ನನ್ನನ್ನು "ಹಣಮಂತಣ್ಣ" ಎಂದೇ ಕರೆಯುತ್ತಿದ್ದ. ಎಷ್ಟೋ ಪಂದ್ಯಗಳಿಗೆ ರೈಲಿನ ಒಂದೇ ಡಬ್ಬಿಯಲ್ಲಿ ಕೂತು, ಅವರವ್ವ ಕಟ್ಟಿಕೊಟ್ಟ ಜೋಳದ ರೊಟ್ಟಿ, ಪುಂಡಿ ಪಲ್ಯ ಹಂಚಿಕೊಂಡು ಹೋಗಿದ್ದೇವೆ. ಒಂದು ವರ್ಷ ರಾಜ್ಯ ತಂಡಕ್ಕೆ ನಮ್ಮ ಭಾಗದಿಂದ ಒಬ್ಬನೇ ಹೋಗಬಹುದು ಎಂದಾಯಿತು. ತಂಡ ಸೇರಿದವನಿಗೆ ದೊಡ್ಡ ಸರ್ಕಾರಿ ಕಂಪನಿಯೊಂದರಲ್ಲಿ ಕ್ರೀಡಾ ಕೋಟಾದ ನೌಕರಿ ಸಿಗುವುದು ಬಹುತೇಕ ಖಚಿತವಿತ್ತು. ಕೊನೆಗೆ ಉಳಿದವರು ನಾವಿಬ್ಬರೇ. ಕಲಬುರಗಿಯ ಕ್ಲಬ್ಬೊಂದರಲ್ಲಿ ಐದು ಆಟಗಳ ಪಂದ್ಯ. ತಲಾ ಎರಡು ಗೆದ್ದೆವು.

ಐದನೆಯ ಆಟದ ಕೊನೆಗೆ ಮೇಜಿನ ಮೇಲೆ ಬಿಳಿ ಚೆಂಡಿನ ಜೊತೆ ನಾಲ್ಕೇ ಚೆಂಡು ಉಳಿದವು. ಕಂದು ಚೆಂಡಿಗೆ ನಾಲ್ಕು ಅಂಕ, ನೀಲಿಗೆ ಐದು, ಗುಲಾಬಿಗೆ ಆರು, ಕಪ್ಪಿಗೆ ಏಳು. ಅದೇ ಕ್ರಮದಲ್ಲಿ ಹಾಕಬೇಕು. ಒಟ್ಟು ಇಪ್ಪತ್ತೆರಡು. ವೀರಣ್ಣ ಹನ್ನೆರಡು ಅಂಕ ಮುಂದಿದ್ದ. ಸರದಿ ನನ್ನದು. ನಾಲ್ಕನ್ನೂ ಹಾಕಿದರೆ ನಾನು ಗೆದ್ದೆ. ಒಂದು ತಪ್ಪಿದರೂ ಬಹುಶಃ ಸೋತೆ.

ಮೊದಲು ಕಂದು. ಬಿಳಿ ಚೆಂಡು ದೂರದಲ್ಲಿತ್ತು. ನಾನು ಗಿಡ್ಡ. ಒಂದು ಕಾಲ ಬೆರಳ ತುದಿಯಲ್ಲಿ ನಿಂತು, ಗುಲಾಬಿ ಚೆಂಡಿನ ಮೇಲಿಂದ ಎಡಗೈ ಚಾಚಿ ಬಾಗಬೇಕಾಯಿತು. ಬಾಗಿದೆ. ಆಗ ಅಂಗಿಯ ತೋಳಿನ ಕೊನೆಯ ಗುಂಡಿ ಗುಲಾಬಿ ಚೆಂಡಿಗೆ ತಾಗಿತು. ಚೆಂಡು ಮಿಸುಕಿ ಮತ್ತೆ ನಿಂತಲ್ಲೇ ನಿಂತಿತು. ಅಂಗಿ ತಾಗಿದರೂ ಫೌಲ್. ನಾನು ಎದ್ದು ನಿಂತು ಹೇಳಬೇಕಿತ್ತು. ಹೇಳಿದ್ದರೆ ವೀರಣ್ಣನಿಗೆ ಆರು ಅಂಕ, ಜೊತೆಗೆ ಸರದಿ. ಆ ಕಂದು ಚೆಂಡು ಎತ್ತರದ ಎಡಗೈಯವನಿಗೆ ಸರಳವಾದದ್ದು. ಅದೊಂದನ್ನು ಹಾಕಿದ್ದರೆ ಆಟ ಅವನದೇ.

ತೀರ್ಪುಗಾರ ಮೇಜಿನ ಆಚೆ ಬದಿಯಲ್ಲಿದ್ದ. ವೀರಣ್ಣ ಕುರ್ಚಿಯಲ್ಲಿ ಕೂತು ತನ್ನ ಬೂಟು ನೋಡುತ್ತಿದ್ದ. ಯಾರೂ ನೋಡಲಿಲ್ಲ. ದೊಡ್ಡ ಸಾಹೇಬರ ಮುಖಕ್ಕೇ ಫೌಲ್ ಎಂದವನು ನಾನು. ನನ್ನದೇ ಫೌಲಿಗೆ ನನ್ನ ಬಾಯಿ ತೆರೆಯಲಿಲ್ಲ. ನಾನು ಎಷ್ಟು ಹೊತ್ತು ಹಾಗೆ ಬಾಗಿಕೊಂಡಿದ್ದೆನೋ ಗೊತ್ತಿಲ್ಲ. ಆಮೇಲೆ ಹೊಡೆದೆ. ಕಂದು ಬಿತ್ತು. ನೀಲಿ ಬಿತ್ತು. ಗುಲಾಬಿ, ಕಪ್ಪು ಎರಡೂ ಬಿದ್ದವು. ನನ್ನ ಜೀವನದಲ್ಲಿ ಅಷ್ಟು ಚೆನ್ನಾಗಿ ನಾಲ್ಕು ಚೆಂಡು ಎಂದೂ ಹಾಕಿಲ್ಲ.

ವೀರಣ್ಣ ಎದ್ದು ಬಂದು ಅಪ್ಪಿಕೊಂಡ. "ಹಣಮಂತಣ್ಣ, ಇವತ್ತ ನಿನ್ನ ಕೈಯಾಗ ದೇವರು ಕುಂತಿದ್ದ ನೋಡು" ಎಂದ.

ಆ ನೌಕರಿಯಲ್ಲೇ ನಾನು ನಿವೃತ್ತನಾದೆ. ಕಮಲಾಬಾಯಿಯೊಡನೆ ಮದುವೆ, ಮನೆ, ಮಕ್ಕಳ ಓದು, ಎಲ್ಲವೂ ಅದರಿಂದಲೇ ಆದದ್ದು. ವೀರಣ್ಣ ಇನ್ನೊಂದು ವರ್ಷ ಆಡಿ, ತನಗೆ ಅಷ್ಟು ಶಕ್ತಿ ಇಲ್ಲವೆಂದು ಕ್ಯೂ ಇಟ್ಟು ಮಿಲ್ಲಿನಲ್ಲಿ ಕೂತ. ಇಮಾಮ್ ಸಾಬರು ಆ ಕೊನೆಯ ಆಟ ಹೇಗೆ ಗೆದ್ದೆ ಎಂದು ಒಂದೊಂದು ಹೊಡೆತ ಬಿಡಿಸಿ ಕೇಳಿದರು. ಅವರಿಗೂ ಹೇಳಲಿಲ್ಲ. ಅದೇ ವರ್ಷ ತೀರಿಕೊಂಡರು.

ಆಮೇಲೆ ನಾನು ಮಾಡಿದ್ದೊಂದು ವಿಚಿತ್ರ. ಪ್ರತಿ ಪಂದ್ಯದಲ್ಲೂ ನನ್ನ ಫೌಲುಗಳನ್ನು ನಾನೇ ಹೇಳತೊಡಗಿದೆ. ತಾಗಿತೋ ಇಲ್ಲವೋ ಎಂಬ ಅನುಮಾನ ಬಂದರೂ ಎದ್ದು ನಿಂತು ಹೇಳಿಬಿಡುತ್ತಿದ್ದೆ. ಒಮ್ಮೆ ಅದರಿಂದ ದೊಡ್ಡ ಪಂದ್ಯವೊಂದನ್ನು ಸೋತೆ. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಪ್ರಾಮಾಣಿಕ ಆಟಗಾರ ಎಂದು ಹೆಸರಾಯಿತು. ಪತ್ರಿಕೆಯಲ್ಲಿ ಫೋಟೋ ಬಂತು. ಆ ಹೆಸರಿನಷ್ಟು ಭಾರವಾದ ಬೇರೇನನ್ನೂ ನಾನು ಹೊತ್ತು ತಿರುಗಿಲ್ಲ.

ಕಣ್ಣು ಮಂದವಾದ ಮೇಲೆ ಆಡುವುದು ಕಡಿಮೆಯಾಗಿ ಕಲಿಸುವುದು ಹೆಚ್ಚಾಯಿತು. ಈಗ ಬಟ್ಟೆ ತೆಳು, ಚೆಂಡು ಹಗುರಾಗಿ ಓಡುತ್ತದೆ. ನಾವು ಭುಜದಿಂದ ಹೊಡೆಯುತ್ತಿದ್ದುದನ್ನು ಇವರು ಮಣಿಕಟ್ಟಿನಿಂದ ಹೊಡೆಯುತ್ತಾರೆ. ಮೊಬೈಲಿನಲ್ಲಿ ತಮ್ಮ ಹೊಡೆತವನ್ನು ತಾವೇ ನಿಧಾನವಾಗಿ ನೋಡಿಕೊಳ್ಳುತ್ತಾರೆ. ನಾನು ಎರಡು ವರ್ಷದಲ್ಲಿ ಕಂಡುಕೊಂಡ ತಪ್ಪು ಇವರಿಗೆ ಎರಡು ನಿಮಿಷಕ್ಕೆ ಕಾಣುತ್ತದೆ. ಚಂದಾಪುರದಂಥ ಸಣ್ಣ ಊರಿನಲ್ಲೂ ಎ.ಸಿ. ಹಾಕಿದ ಸ್ನೂಕರ್ ಪಾರ್ಲರ್ ಬಂದಿದೆ. ಅಲ್ಲಿನ ಮೇಜಿನ ಮಟ್ಟ ಸರಿಮಾಡಲು ನನ್ನನ್ನು ಕರೆದಿದ್ದರು. ನೀರುಮಟ್ಟದ ಉಪಕರಣ ಇಟ್ಟರೆ ಎಲ್ಲ ಸರಿ ಎನ್ನುತ್ತಿತ್ತು. ಚೆಂಡು ಮಾತ್ರ ಎಡಕ್ಕೇ ವಾಲುತ್ತಿತ್ತು. ಅಪ್ಪನ ಹಾಗೆ ಕೆಳಗೆ ಮಲಗಿ ಅಂಗೈ ಆಡಿಸಿದೆ. ಎರಡು ಕಲ್ಲು ಕೂಡುವಲ್ಲಿ ಕೂದಲೆಳೆಯಷ್ಟು ಏರು ಸಿಕ್ಕಿತು. ಹೊಸದನ್ನೆಲ್ಲ ಕಲಿಯಿರಿ; ಕೈಯನ್ನು ಮಾತ್ರ ನಂಬುವುದು ಬಿಡಬೇಡಿ.

ಹೋದ ವರ್ಷ ನನ್ನ ಶಿಷ್ಯೆ ಭಾಗ್ಯಶ್ರೀ, ಚಿತ್ತಾಪುರದಿಂದ ದಿನಾ ಬಂದು ಹೋಗುವ ಡಿಗ್ರಿ ಓದುವ ಹುಡುಗಿ, ಕಲಬುರಗಿಯ ಪಂದ್ಯದಲ್ಲಿ ಸೆಮಿಫೈನಲ್ ತನಕ ಹೋದಳು. ಗೆಲ್ಲುವ ಹೊತ್ತಿಗೆ ಎದ್ದು ನಿಂತು, "ನನ್ನ ವೇಲ್ ಚೆಂಡಿಗಿ ತಾಗ್ಯಾದ್ರಿ" ಎಂದಳು. ಸೋತಳು. ಹೊರಗೆ ಬಂದು ಅಳುತ್ತ ನಿಂತವಳಿಗೆ ಏನು ಹೇಳಬೇಕೋ ತೋಚದೆ, ತಪ್ಪೇನೂ ಮಾಡಲಿಲ್ಲ ನೀನು ಎಂದೆ.

"ನೀವಽ ಕಲಸೀರಲ್ರಿ ಸರ್" ಎಂದಳು. "ನನ್ನ ಜಾಗಾದಾಗ ನೀವಿದ್ರೂ ಹಿಂಗಽ ಮಾಡ್ತಿದ್ರಲ್ಲ."

ಆ ಮಾತು ಕೇಳಿದ ಮೂರನೆಯ ದಿನ ನಾನು ವಾಡಿಯಿಂದ ಪ್ಯಾಸೆಂಜರ್ ರೈಲು ಹಿಡಿದು ಸೇಡಂಗೆ ಹೋದೆ.

ವೀರಣ್ಣ ಮಿಲ್ಲಿನ ಮುಂದಿನ ಕಟ್ಟೆಯ ಮೇಲೆ ಕೂತು ತೊಗರಿ ಕಾಳು ಅಂಗೈಯಲ್ಲಿ ಹಾಕಿಕೊಂಡು ನೋಡುತ್ತಿದ್ದ. ಕೂದಲೆಲ್ಲ ಬಿಳಿ. ಗುರುತು ಹಿಡಿದು ಎದ್ದ. "ಏ ಹಣಮಂತಣ್ಣ! ಬರ್ರಿ, ಬರ್ರಿ, ಕುಂದ್ರಿ. ಎಷ್ಟು ವರ್ಷಾತು!" ಒಳಗೆ ಕೂಗಿ ಚಹಾ ಹೇಳಿದ. ಚಹಾ ಬರುವ ಮುಂಚೆಯೇ ನಾನು ಎಲ್ಲವನ್ನೂ ಹೇಳಿಬಿಟ್ಟೆ. ಗುಂಡಿ ತಾಗಿದ್ದು, ಗುಲಾಬಿ ಮಿಸುಕಿದ್ದು, ನಾನು ಸುಮ್ಮನಿದ್ದದ್ದು.

ಅವನು ಅಂಗೈಯಲ್ಲಿದ್ದ ಕಾಳನ್ನು ಚೀಲಕ್ಕೆ ಹಾಕಿ ಕೈ ಝಾಡಿಸಿಕೊಂಡ.

"ಈಗ ಯಾಕ ಹೇಳ್ಲಿಕತ್ತೀರಿ?" ಎಂದ.

"ಮನಸ್ಸಿಗಿ ತಡೀಲಾರದಂಗ ಆತು ವೀರಣ್ಣ."

"ನಿಮ್ಮ ಮನಸ್ಸಿಗಿ." ಅವನ ದನಿ ಏರಲಿಲ್ಲ. "ನಾ ಆವತ್ತ ಸೋತೆ. ನನ್ನ ಕೈಯಾಗ ಅಷ್ಟ ದಮ್ ಇಲ್ಲ, ಹಣಮಂತಣ್ಣ ನನಗಿಂತ ದೊಡ್ಡಾಂವ ಅಂತ ತಿಳಕೊಂಡೆ. ಬಿಟ್ಟಬಿಟ್ಟೆ. ಸುಖದಿಂದ ಇದ್ದೆನ್ರಿ ನಾ. ಇವತ್ತ ನೀವು ಬಂದು ನಿಮ್ಮ ಹೊರಿ ಇಳಿಸಿ ನನ್ನ ತಲಿಮ್ಯಾಲ ಇಟ್ರಿ. ಇನ್ನ ನಾ ರಾತ್ರಿ ಮಲಗೋದ್ಹೆಂಗ ಹೇಳ್ರಿ?"

ಕ್ಷಮಿಸು ಎನ್ನಲು ಬಾಯಿ ತೆರೆದೆ. ಅವನು ಕೈ ಎತ್ತಿ ತಡೆದ.

"ಮತ್ಯಾರಿಗಿ ಹೇಳೀರಿ?"

"ಯಾರಿಗೂ ಇಲ್ಲ."

"ನಿಮ್ಮ ಹುಡುಗರಿಗಿ?"

"ಇಲ್ಲ."

"ಅಂದ್ರ ನೀವು ಅಲ್ಲಿ ಇನ್ನೂ ದೊಡ್ಡ ಮನಶ್ಯಾನೇ." ಚಹಾ ಬಂತು. "ಚಹಾ ಕುಡದು ಹೋಗ್ರಿ. ಮನಿಗಿ ಬಂದೋರಿಗಿ ಹಂಗಽ ಕಳಸಬಾರದು" ಎಂದು ಒಳಗೆ ಹೋದ. ಮರಳಿ ಬರಲಿಲ್ಲ.

ತಪ್ಪು ಒಪ್ಪಿಕೊಂಡರೆ ಎದೆ ಹಗುರಾಗುತ್ತದೆ ಎಂದು ಕೇಳಿದ್ದೆ. ಆಗಲಿಲ್ಲ. ಅವನು ಹೇಳಿದ್ದು ನಿಜ. ಅಷ್ಟು ವರ್ಷ ನಾನು ಅವನ ಗೆಲುವನ್ನು ಇಟ್ಟುಕೊಂಡಿದ್ದೆ, ಆ ದಿನ ಅವನ ನೆಮ್ಮದಿಯನ್ನೂ ತೆಗೆದುಕೊಂಡು ಬಂದೆ.

ಮರುದಿನ ಕೋಣೆಯಲ್ಲಿ ಎಲ್ಲರನ್ನೂ ಕೂರಿಸಿ ಹೇಳಿದೆ. ಹದಿಮೂರು ಜನ ಇದ್ದರು. ಒಬ್ಬ ಗೋಡೆಯ ಮೇಲಿನ ನನ್ನ ಫೋಟೋ ಕಡೆ ನೋಡಿ ಕಣ್ಣು ಕೆಳಗೆ ಮಾಡಿದ. ಭಾಗ್ಯಶ್ರೀ ಬ್ಯಾಗು ತೆಗೆದುಕೊಂಡು ಹೊರಟುಹೋದಳು. ಎಂಟು ದಿನ ಬರಲಿಲ್ಲ. ಒಂಬತ್ತನೆಯ ದಿನ ಬಂದು, ನನ್ನ ಮುಖ ನೋಡದೆ, ಮೂಲೆಯ ಮೇಜಿನಲ್ಲಿ ಅಭ್ಯಾಸ ಶುರು ಮಾಡಿದಳು. ಮಧ್ಯಾಹ್ನ ಹೊರಡುವಾಗ ಬಾಗಿಲಲ್ಲಿ ನಿಂತು, "ನೀವು ಹೇಳಬಾರದಿತ್ತು ಅನ್ನಂಗಿಲ್ರಿ ನಾ. ಆದ್ರ ಭಾಳ ತಡಾ ಮಾಡೀರಿ" ಎಂದಳು. ಮನೆಯಲ್ಲಿ ಕಮಲಾಬಾಯಿಗೂ ಹೇಳಿದೆ. ಅವಳು ಆ ವಾರ ಟ್ರೋಫಿಗಳ ಧೂಳು ಒರೆಸಲಿಲ್ಲ. ನಾನೂ ಒರೆಸಲಿಲ್ಲ.

ಎರಡು ತಿಂಗಳ ಮೇಲೆ ಒಂದು ಮಧ್ಯಾಹ್ನ ವೀರಣ್ಣ ನನ್ನ ಕೋಣೆಯ ಬಾಗಿಲಲ್ಲಿ ನಿಂತಿದ್ದ. ಬಿಳಿ ಅಂಗಿ, ಹೆಗಲ ಮೇಲೆ ಟವೆಲ್. ಬಾ ಎಂದೆ. ಬಂದು ಮೇಜಿನ ಮುಂದೆ ನಿಂತ. ಹುಡುಗರು ಆಡುವುದನ್ನು ಸ್ವಲ್ಪ ಹೊತ್ತು ನೋಡಿದ. ಮೇಜು ಖಾಲಿಯಾದಾಗ ಹೇಳಿದ:

"ಆವತ್ತ ಚೆಂಡು ಎಲ್ಲೆಲ್ಲಿದ್ವು, ಇಟ್ಟು ತೋರಸ್ರಿ."

ನಾನು ಇಟ್ಟೆ. ನೀಲಿ, ಕಪ್ಪು, ಕಂದು, ಬಿಳಿ. ಯೋಚಿಸುವ ಅಗತ್ಯವೇ ಇರಲಿಲ್ಲ. ಕೊನೆಗೆ ಗುಲಾಬಿಯನ್ನು ಇಟ್ಟು ಹಿಂದೆ ಸರಿದೆ. ವೀರಣ್ಣ ಸುತ್ತ ನಡೆದು ನೋಡಿದ. ಬಾಗಿ ಗುಲಾಬಿ ಚೆಂಡನ್ನು ಎರಡು ಬೆರಳಿನಷ್ಟು ಎಡಕ್ಕೆ ಸರಿಸಿದ.

"ಇಲ್ಲಿತ್ತು" ಎಂದ.

ಹೌದು, ಅಲ್ಲೇ ಇತ್ತು. ಬಿಟ್ಟುಬಿಟ್ಟೆ ಎಂದಿದ್ದವನಿಗೆ ನನಗಿಂತ ಚೆನ್ನಾಗಿ ನೆನಪಿತ್ತು.

ಅವನು ಕೈ ಚಾಚಿದ. ಭಾಗ್ಯಶ್ರೀ ತನ್ನ ಕ್ಯೂ ಕೊಟ್ಟಳು. ಅದರ ತುದಿ ನೋಡಿದ, ಸೀಮೆಸುಣ್ಣ ತಿಕ್ಕಿದ. ಟವೆಲ್ ತೆಗೆದು ಕುರ್ಚಿಯ ಮೇಲಿಟ್ಟ. ಎಡಗೈಯಲ್ಲಿ ಕ್ಯೂ ಹಿಡಿದು ಬಾಗಿದ. ಅವನಿಗೆ ಗುಲಾಬಿಯ ಮೇಲಿಂದ ಕೈ ಚಾಚುವ ಅಗತ್ಯವಿರಲಿಲ್ಲ. ನಾನು ಅಷ್ಟು ವರ್ಷ ಊಹಿಸಿದ್ದಂತೆಯೇ ಅದು ಅವನಿಗೆ ಸರಳ ಹೊಡೆತ. ನಾಲ್ಕು ಸಲ ಕ್ಯೂ ಹಿಂದೆ ಮುಂದೆ ಆಡಿಸಿ ಹೊಡೆದ.

ಕಂದು ಚೆಂಡು ತೂತಿನ ಬಾಯಿಯ ಅಂಚಿಗೆ ಬಡಿದು, ಆ ಕಡೆ ಈ ಕಡೆ ಅಲುಗಾಡಿ, ಹೊರಗೇ ನಿಂತಿತು.

ಆವತ್ತು ನಿನ್ನ ಕೈ ಬೇರೆ ಇತ್ತು, ಆವತ್ತು ಬೀಳುತ್ತಿತ್ತು ಎಂದು ಹೇಳಬೇಕೆಂದುಕೊಂಡೆ. ಅವನು ನನ್ನ ಕಡೆ ನೋಡಿದ ರೀತಿಗೆ ಸುಮ್ಮನಾದೆ. ಅವನ ಕಣ್ಣು ಒದ್ದೆಯಾಗಿತ್ತು. ಮುಖದಲ್ಲಿ ಮಾತ್ರ ಸೇಡಂನಲ್ಲಿ ಕಂಡ ಬಿಗಿ ಇರಲಿಲ್ಲ.

"ಇದು ನಾ ತಪ್ಪಿಸಿದ್ದು" ಎಂದ ವೀರಣ್ಣ. "ಇದು ನಂದು. ಆವತ್ತಿಂದು ನಿಮ್ಮದು. ಅದನ್ನ ನೀವಽ ಇಟ್ಕೋರಿ."

ಕ್ಯೂ ಮರಳಿ ಕೊಟ್ಟು, ಟವೆಲ್ ಹೆಗಲಿಗೆ ಹಾಕಿಕೊಂಡ. ಬಾಗಿಲ ತನಕ ಹೋಗಿ ನಿಂತ. ಹೊರಗೆ ಕಲ್ಲು ಹೇರಿದ ಲಾರಿಯೊಂದು ಹಾದುಹೋಗುವವರೆಗೆ ಕಾದು, ತಿರುಗದೆಯೇ ಕೇಳಿದ:

"ಮುಂಜಾನೆ ಎಷ್ಟಕ್ಕ ಬಾಗಲಾ ತೆಗೀತೀರಿ ಇಲ್ಲಿ?"